ನೆಲ ಡೊಂಕಿದ್ದರೆ ಯಾರು ಹೇಳಬೇಕು?

ಪ್ಯಾರಿಸ್ ಒಲಿಂಪಿಕ್ಸ್‌ಗೆ ಹೋಗಲು ಭಾರತದ ಮಹಿಳಾ ಹಾಕಿ ತಂಡಕ್ಕೆ ಉಳಿದಿದ್ದ ಕೊನೆಯ ಅವಕಾಶ ರಾಂಚಿಯ ಅರ್ಹತಾ ಟೂರ್ನಿ. ಎಂಟು ತಂಡ, ಮೂರು ಸ್ಥಾನ, ತವರಿನ ಮೈದಾನ. 2024ರ ಜನವರಿ 13ರಂದು ಮೊದಲ ಪಂದ್ಯದಲ್ಲೇ ಅಮೆರಿಕದ ಎದುರು 0–1ರಿಂದ ಸೋತೆವು. ನ್ಯೂಜಿಲೆಂಡನ್ನೂ ಇಟಲಿಯನ್ನೂ ಮಣಿಸಿ ಸೆಮಿಫೈನಲ್ ತಲುಪಿದೆವು. ಅಲ್ಲಿ ಜರ್ಮನಿಯ ಜೊತೆ 2–2ರ ಸಮಬಲ ಸಾಧಿಸಿದರೂ, ಶೂಟೌಟ್‌ನಲ್ಲಿ 3–4ರಿಂದ ಪಂದ್ಯ ಕೈತಪ್ಪಿತು. ಮೂರನೇ ಸ್ಥಾನದ ಪಂದ್ಯದಲ್ಲಿ ಜಪಾನ್ ಆರಂಭದಲ್ಲೇ ಪೆನಾಲ್ಟಿ ಕಾರ್ನರ್‌ನಿಂದ ಹೊಡೆದ ಒಂದೇ ಗೋಲು ಕೊನೆಯವರೆಗೂ ನಿಂತಿತು. ನಮಗೆ ಸಿಕ್ಕ ಪೆನಾಲ್ಟಿ ಕಾರ್ನರ್‌ಗಳಲ್ಲಿ ಒಂದೂ ಗೋಲಾಗಲಿಲ್ಲ. ಜರ್ಮನಿ, ಅಮೆರಿಕ, ಜಪಾನ್ ಪ್ಯಾರಿಸ್‌ಗೆ ಹೋದವು. ಟೋಕಿಯೊದಲ್ಲಿ ನಾಲ್ಕನೆಯ ಸ್ಥಾನ ಪಡೆದಿದ್ದ ನಮ್ಮ ಹುಡುಗಿಯರು ಮನೆಯಲ್ಲಿ ಉಳಿದರು.

ಸೋಲಿನ ಬಗ್ಗೆ ಬರೆಯಬೇಕಾದ್ದೆಲ್ಲ ಆ ವಾರವೇ ಬರೆದಾಗಿದೆ. ನನ್ನ ತಕರಾರು ಆಮೇಲೆ ನಡೆದದ್ದರ ಬಗ್ಗೆ.

ಒಂದು ತಿಂಗಳ ನಂತರ, ಒಡಿಶಾದಲ್ಲಿ ಪ್ರೊ ಲೀಗ್ ಪಂದ್ಯಗಳು ನಡೆಯುತ್ತಿದ್ದಾಗ, ತಂಡದ ಮುಖ್ಯ ಕೋಚ್ ಯಾನೆಕ್ ಶೋಪ್‌ಮನ್ ಪತ್ರಿಕೆಯೊಂದರ ಮುಂದೆ ಮನಸ್ಸು ಬಿಚ್ಚಿದರು. ತಮ್ಮನ್ನು ನೇಮಿಸಿದವರಿಂದಲೇ ತಮಗೆ ಗೌರವವಾಗಲಿ ಬೆಲೆಯಾಗಲಿ ಸಿಕ್ಕಿಲ್ಲ, ಪುರುಷರ ತಂಡದ ಕೋಚ್‌ಗಳನ್ನು ನಡೆಸಿಕೊಳ್ಳುವ ರೀತಿಗೂ ತಮ್ಮನ್ನು ನಡೆಸಿಕೊಳ್ಳುವ ರೀತಿಗೂ ಇರುವ ವ್ಯತ್ಯಾಸ ಕಣ್ಣಿಗೆ ಕಾಣುತ್ತದೆ, ಹೆಣ್ಣಾಗಿ ಇಲ್ಲಿ ಕೆಲಸ ಮಾಡುವುದು ಬಹಳ ಕಷ್ಟ ಎಂದರು. ಹಾಕಿ ಇಂಡಿಯಾ ಇದನ್ನು ಅಲ್ಲಗಳೆಯಿತು; ಎರಡೂ ತಂಡಗಳನ್ನು ಸಮಾನವಾಗಿಯೇ ನೋಡಿಕೊಳ್ಳುತ್ತೇವೆ ಎಂದಿತು. ಫೆಬ್ರುವರಿ 23ರಂದು ಶೋಪ್‌ಮನ್ ರಾಜೀನಾಮೆ ಕೊಟ್ಟರು. ಅದಾದ ಕೆಲವೇ ದಿನಗಳಲ್ಲಿ, ಸುಮಾರು 13 ವರ್ಷ ಹಾಕಿ ಇಂಡಿಯಾದ ಸಿಇಒ ಆಗಿದ್ದ ಎಲೆನಾ ನಾರ್ಮನ್ ಕೂಡ, ಸಂಸ್ಥೆಯೊಳಗಿನ ಬಣ ಜಗಳದ ನಡುವೆ ಕೆಲಸ ಮಾಡುವುದು ಕಷ್ಟವಾಗಿದೆ ಎಂದು ಹೇಳಿ ಹೊರಬಂದರು. ಬಣಗಳೇ ಇಲ್ಲವೆಂದು ಅಧ್ಯಕ್ಷರೂ ಪ್ರಧಾನ ಕಾರ್ಯದರ್ಶಿಯೂ ಜಂಟಿ ಹೇಳಿಕೆ ಕೊಟ್ಟರು. ವಿವಾದ ಅಲ್ಲಿಗೆ ತಣ್ಣಗಾಯಿತು.

ತಣ್ಣಗಾದದ್ದು ಹೇಗೆ ಎಂಬುದೇ ನನ್ನನ್ನು ಕಾಡುತ್ತದೆ. ಶೋಪ್‌ಮನ್ ಹೇಳಿದ್ದು ನಿಜವೋ ಸುಳ್ಳೋ ಎಂದು ಕೇಳುವ ಬದಲು ನಾವು ಕೇಳಿದ್ದು ಒಂದೇ ಪ್ರಶ್ನೆ: ಗೆದ್ದಿದ್ದರೆ ಈ ಮಾತು ಬರುತ್ತಿತ್ತೇ? ಕುಣಿಯಲಾರದವಳು ನೆಲ ಡೊಂಕು ಎಂದಳಂತೆ ಎಂಬ ಗಾದೆಯ ಧಾಟಿಯಲ್ಲೇ ಹಾಕಿ ಬಲ್ಲವರೂ ಮಾತಾಡಿದರು. ನೆಲ ನಿಜಕ್ಕೂ ಡೊಂಕಿದೆಯೇ ಎಂದು ಬಗ್ಗಿ ನೋಡುವ ಗೋಜಿಗೆ ಹೋದವರು ಕಡಿಮೆ. ಸೋತವಳ ದೂರು ಸೋಲಿನ ನೆಪ ಎಂದು ಮೊದಲೇ ತೀರ್ಮಾನಿಸಿಬಿಟ್ಟರೆ ಮಹಿಳಾ ಕ್ರೀಡೆಯಲ್ಲಿ ದೂರು ಕೊಡುವ ಹಕ್ಕು ಯಾರಿಗೂ ಉಳಿಯುವುದಿಲ್ಲ. ಗೆದ್ದವಳು ದೂರಿದರೆ, ಎಲ್ಲ ಸರಿಯಿದ್ದದ್ದಕ್ಕೇ ತಾನೇ ಗೆದ್ದದ್ದು ಎನ್ನುತ್ತಾರೆ. ಸೋತವಳು ದೂರಿದರೆ, ಸೋತದ್ದಕ್ಕೆ ಹೇಳುತ್ತಿದ್ದಾಳೆ ಎನ್ನುತ್ತಾರೆ. ಹಾಗಾದರೆ ಅವಳು ಬಾಯಿ ಬಿಡಬೇಕಾದ ಹೊತ್ತು ಯಾವುದು?

ಶೋಪ್‌ಮನ್ ತಪ್ಪು ಮಾಡಿರಲಿಲ್ಲ ಎಂದು ನಾನು ವಾದಿಸುತ್ತಿಲ್ಲ. ಟೋಕಿಯೊ ಕ್ವಾರ್ಟರ್‌ಫೈನಲ್‌ನಲ್ಲಿ ಆಸ್ಟ್ರೇಲಿಯಾವನ್ನು ಮನೆಗೆ ಕಳಿಸಿದ ಗೋಲು ಗುರ್ಜಿತ್ ಕೌರ್ ಅವರದು. ಆ ಡ್ರ್ಯಾಗ್ ಫ್ಲಿಕರ್ ರಾಂಚಿ ತಂಡದಲ್ಲಿರಲಿಲ್ಲ. ಟೋಕಿಯೊದ ನಾಯಕಿ ರಾಣಿ ರಾಂಪಾಲ್ ಅವರನ್ನು ತಂಡದಿಂದ ದೂರ ಇಟ್ಟ ಬಗೆ ಹಲವರಿಗೆ ಒಪ್ಪಿಗೆಯಾಗಿಲ್ಲ, ನನಗೂ ಆಗಿಲ್ಲ. 2023ರ ಹಾಂಗ್‌ಝೌ ಏಷ್ಯನ್ ಗೇಮ್ಸ್ ಸೆಮಿಫೈನಲ್‌ನಲ್ಲಿ ಚೀನಾಕ್ಕೆ 0–4ರಿಂದ ಸೋತದ್ದರಿಂದಲೇ ನೇರ ಅರ್ಹತೆ ತಪ್ಪಿ ರಾಂಚಿಯ ದಾರಿ ಹಿಡಿಯಬೇಕಾಯಿತು. ಇವೆಲ್ಲವನ್ನೂ ಕೋಚ್ ಮುಂದಿಟ್ಟು ಕೇಳಬೇಕಿತ್ತು, ಕೇಳಿದ್ದೂ ಸರಿ. ಹಾಗೆಯೇ ಇನ್ನೊಂದು ಲೆಕ್ಕವೂ ಇದೆ. ಅವರ ಅವಧಿಯ 74 ಪಂದ್ಯಗಳಲ್ಲಿ ಗೆಲುವು 38, ಸೋಲು 19. ಬರ್ಮಿಂಗ್‌ಹ್ಯಾಮ್‌ನಲ್ಲಿ 16 ವರ್ಷಗಳ ನಂತರ ಕಾಮನ್‌ವೆಲ್ತ್ ಪದಕ, ವೆಲೆನ್ಸಿಯಾದಲ್ಲಿ ನೇಷನ್ಸ್ ಕಪ್, ಅದೇ ರಾಂಚಿಯಲ್ಲಿ 2023ರ ಏಷ್ಯನ್ ಚಾಂಪಿಯನ್ಸ್ ಟ್ರೋಫಿ ಬಂದದ್ದು ಇವರ ಕಾಲದಲ್ಲೇ. ಆದರೆ ಈ ಎರಡೂ ಪಟ್ಟಿಗಳು ಕೋಚಿಂಗ್ ಬಗ್ಗೆ ಹೇಳುತ್ತವೆಯೇ ಹೊರತು, ಆ ಕೋಚನ್ನು ಕಚೇರಿಯಲ್ಲಿ ಹೇಗೆ ನಡೆಸಿಕೊಂಡರು ಎಂಬುದರ ಬಗ್ಗೆ ಒಂದಕ್ಷರವನ್ನೂ ಹೇಳುವುದಿಲ್ಲ.

ಮಹಿಳಾ ತಂಡವನ್ನು ಎರಡನೆಯದಾಗಿ ನೋಡುವ ಅಭ್ಯಾಸ ಶೋಪ್‌ಮನ್ ಕಲ್ಪನೆಯಲ್ಲಿ ಹುಟ್ಟಿದ್ದಲ್ಲ. 2017ರಲ್ಲಿ ಪುರುಷರ ತಂಡದ ಕೋಚ್ ರೋಲಂಟ್ ಓಲ್ಟ್‌ಮನ್ಸ್ ಅವರನ್ನು ತೆಗೆದಾಗ ಏನಾಯಿತು, ನೆನಪಿಸಿಕೊಳ್ಳಿ. ಕೆಲವೇ ತಿಂಗಳ ಹಿಂದೆ ಮಹಿಳಾ ತಂಡಕ್ಕೆ ಬಂದಿದ್ದ ಶೋರ್ಡ್ ಮರೈನ್ ಅವರನ್ನು ಎತ್ತಿ ಪುರುಷರ ತಂಡಕ್ಕೆ ಹಾಕಿದರು. ಮಹಿಳೆಯರಿಗೆ ಹರೇಂದ್ರ ಸಿಂಗ್ ಬಂದರು. 2018ರ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ ಪುರುಷರು ಪದಕವಿಲ್ಲದೆ ಮರಳಿದರು. ಕೂಡಲೇ ಇಬ್ಬರನ್ನೂ ಅದಲುಬದಲು ಮಾಡಿದರು. ಲಂಡನ್‌ನ ಮಹಿಳಾ ವಿಶ್ವಕಪ್‌ಗೆ ಆಗ ಮೂರು ತಿಂಗಳೂ ಇರಲಿಲ್ಲ. ಪುರುಷರ ತಂಡಕ್ಕೆ ಜ್ವರ ಬಂದಾಗಲೆಲ್ಲ ಮಹಿಳಾ ತಂಡದ ಕೋಚ್ ಬದಲಾದರು. ಒಂದೂವರೆ ವರ್ಷದೊಳಗೆ ಮೂರು ಸಲ ಬೇರೆ ಗುರು, ಬೇರೆ ಯೋಜನೆ, ಬೇರೆ ಭಾಷೆ. ಅದನ್ನೆಲ್ಲ ಸಹಿಸಿಕೊಂಡೇ ಆ ಹುಡುಗಿಯರು ಟೋಕಿಯೊದ ಸೆಮಿಫೈನಲ್‌ಗೆ ಹೋದರು.

ಲೀಗ್ ವಿಷಯಕ್ಕೆ ಬನ್ನಿ. ಪುರುಷರ ಹಾಕಿ ಇಂಡಿಯಾ ಲೀಗ್ ಶುರುವಾದದ್ದು 2013ರಲ್ಲಿ. ಮಹಿಳೆಯರ ಲೀಗ್ ಬಂದದ್ದು 2025ರ ಜನವರಿಯಲ್ಲಿ. ನಡುವಿನ ಹನ್ನೆರಡು ವರ್ಷಗಳಲ್ಲಿ ಎಷ್ಟು ಆಟಗಾರ್ತಿಯರು ವಿದೇಶಿ ಆಟಗಾರ್ತಿಯರ ಜೊತೆ ಒಂದೇ ಡ್ರೆಸಿಂಗ್ ರೂಮಿನಲ್ಲಿ ಕೂತು ಕಲಿಯುವ ಅವಕಾಶವಿಲ್ಲದೆ ನಿವೃತ್ತರಾದರು! ಬಂದ ಮೇಲಾದರೂ ಸಮವಾಗಿತ್ತೇ? ಪುರುಷರಿಗೆ ಎಂಟು ತಂಡ, ಮಹಿಳೆಯರಿಗೆ ನಾಲ್ಕು. ಹರಾಜಿನಲ್ಲಿ ಪುರುಷರ ತಂಡವೊಂದಕ್ಕೆ ನಾಲ್ಕು ಕೋಟಿ ರೂಪಾಯಿ, ಮಹಿಳಾ ತಂಡಕ್ಕೆ ಎರಡು ಕೋಟಿ. ಹರ್ಮನ್‌ಪ್ರೀತ್ ಸಿಂಗ್ ಅವರಿಗೆ 78 ಲಕ್ಷ. ಮಹಿಳೆಯರಲ್ಲಿ ಅತಿ ಹೆಚ್ಚು ಬೆಲೆ ಪಡೆದ ಉದಿತಾ ಅವರಿಗೆ 32 ಲಕ್ಷ. ಮಾರುಕಟ್ಟೆ ಇರುವುದೇ ಹಾಗೆ ಎನ್ನುವವರಿದ್ದಾರೆ. ಹನ್ನೆರಡು ವರ್ಷ ಅಂಗಡಿಯ ಬಾಗಿಲೇ ತೆರೆಯದೆ ಗಿರಾಕಿ ಇಲ್ಲ ಎಂದರೆ ನಾನು ಒಪ್ಪುವುದಿಲ್ಲ. ಆದರೂ ಲೀಗ್ ಬಂದದ್ದು ದೊಡ್ಡ ಹೆಜ್ಜೆ, ಅದನ್ನು ಮನಸಾರೆ ಸ್ವಾಗತಿಸುತ್ತೇನೆ. ಸಮಾನತೆ ಆಗಲೇ ಬಂದಾಗಿದೆ ಎಂಬ ಮಾತಿಗೆ ಮಾತ್ರ ನನ್ನ ವಿರೋಧ.

ಪುರುಷರು ಸೋತಾಗ ನಾವು ಹೇಗೆ ನಡೆದುಕೊಂಡೆವು ಎಂಬುದನ್ನೂ ನೋಡಬೇಕು. 2008ರಲ್ಲಿ ಚಿಲಿಯ ಸ್ಯಾಂಟಿಯಾಗೊದಲ್ಲಿ ಸೋತು ಭಾರತದ ಪುರುಷರ ತಂಡ ಬೀಜಿಂಗ್ ಒಲಿಂಪಿಕ್ಸ್‌ಗೆ ಹೋಗಲಾಗಲಿಲ್ಲ. ಎಂಟು ಚಿನ್ನ ಗೆದ್ದ ದೇಶಕ್ಕೆ ಅದು ಮೊದಲ ಬಾರಿ. ಆಗ ಜನ ಸಿಟ್ಟಾದದ್ದು ಆಡಳಿತದ ಮೇಲೆ. ಆ ಸೋಲಿನ ಬೆನ್ನಲ್ಲೇ ಕೆ.ಪಿ.ಎಸ್. ಗಿಲ್ ಅವರ ಭಾರತೀಯ ಹಾಕಿ ಫೆಡರೇಶನ್ನನ್ನು ಭಾರತೀಯ ಒಲಿಂಪಿಕ್ ಸಂಸ್ಥೆ ಅಮಾನತು ಮಾಡಿತು. ಸೋಲು ಅಲ್ಲಿ ವ್ಯವಸ್ಥೆಯ ತಪ್ಪನ್ನು ಹುಡುಕುವುದಕ್ಕೆ ಕಾರಣವಾಯಿತು. ರಾಂಚಿಯ ಸೋಲು ವ್ಯವಸ್ಥೆಯ ಬಗ್ಗೆ ಮಾತಾಡಿದವಳ ಬಾಯಿ ಮುಚ್ಚಿಸಲು ನೆರವಾಯಿತು.

ಇದಕ್ಕಿಂತ ಕ್ರೂರ ಉದಾಹರಣೆ ಟೋಕಿಯೊದಲ್ಲೇ ಇದೆ. ಸೆಮಿಫೈನಲ್‌ನಲ್ಲಿ ಅರ್ಜೆಂಟೀನಾಕ್ಕೆ ಸೋತ ಬಳಿಕ ಹರಿದ್ವಾರದ ಬಳಿಯ ಊರಿನಲ್ಲಿ ವಂದನಾ ಕಟಾರಿಯಾ ಅವರ ಮನೆಯ ಮುಂದೆ ಪಟಾಕಿ ಸಿಡಿಸಿ, ಜಾತಿ ಹಿಡಿದು ಬೈದರೆಂದು ಕುಟುಂಬ ಪೊಲೀಸರಿಗೆ ದೂರು ಕೊಟ್ಟಿತು. ಅದೇ ವಂದನಾ ಕೆಲವೇ ದಿನಗಳ ಹಿಂದೆ ದಕ್ಷಿಣ ಆಫ್ರಿಕಾದ ಮೇಲೆ ಹ್ಯಾಟ್ರಿಕ್ ಹೊಡೆದಿದ್ದರು. ಒಲಿಂಪಿಕ್ಸ್‌ನಲ್ಲಿ ಆ ಸಾಧನೆ ಮಾಡಿದ ಮೊದಲ ಭಾರತೀಯಳು. ಗೆದ್ದ ದಿನ ದೇಶದ ಮಗಳು, ಸೋತ ದಿನ ಜಾತಿಯ ಹೆಸರು. ಆ ಕಿಡಿಗೇಡಿಗಳಿಗೂ ಹಾಕಿ ಆಡಳಿತಕ್ಕೂ ಹೋಲಿಕೆ ಮಾಡುತ್ತಿಲ್ಲ, ಹಾಗೆ ಮಾಡುವುದು ಅನ್ಯಾಯ. ಆದರೆ ಹೆಣ್ಣಿನ ಮರ್ಯಾದೆಯನ್ನು ಪಂದ್ಯದ ಫಲಿತಾಂಶಕ್ಕೆ ಕಟ್ಟಿಹಾಕಿದರೆ ಅದು ಎಲ್ಲಿಯವರೆಗೆ ಹೋಗಬಹುದು ಎಂಬುದನ್ನು ಆ ರಾತ್ರಿ ತೋರಿಸಿತು.

ಕನ್ನಡಿಗರಿಗೆ ಇದು ದೂರದ ಸಂಗತಿಯಲ್ಲ. ರಾಷ್ಟ್ರೀಯ ಮಹಿಳಾ ತಂಡ ವರ್ಷದ ಬಹುಪಾಲು ಶಿಬಿರ ಹೂಡುವುದು ಬೆಂಗಳೂರಿನ ಸಾಯ್ ಕೇಂದ್ರದಲ್ಲಿ. 1960ರ ದಶಕದಲ್ಲಿ ಎಲ್ವೆರಾ ಬ್ರಿಟ್ಟೊ ನಾಯಕತ್ವದ ಮೈಸೂರು ತಂಡ ಏಳು ರಾಷ್ಟ್ರೀಯ ಪ್ರಶಸ್ತಿಗಳನ್ನು ಗೆದ್ದಿತ್ತು. 1965ರ ಅರ್ಜುನ ಪ್ರಶಸ್ತಿ ಪಡೆದ ಎಲ್ವೆರಾ, ಆ ಗೌರವ ಪಡೆದ ಎರಡನೆಯ ಹಾಕಿ ಆಟಗಾರ್ತಿ. ಕೊಡಗಿನ ಕುಟುಂಬ ಹಾಕಿ ಹಬ್ಬದಲ್ಲಿ ಹೆಣ್ಣುಮಕ್ಕಳು ಸ್ಟಿಕ್ ಹಿಡಿದು ಗಂಡಸರ ಜೊತೆಗೇ ಮೈದಾನಕ್ಕಿಳಿಯುತ್ತಾರೆ. ಇಷ್ಟೆಲ್ಲ ಇದ್ದೂ ರಾಂಚಿಗೆ ಹೋದ ತಂಡದಲ್ಲಿ ಕರ್ನಾಟಕದ ಒಬ್ಬ ಆಟಗಾರ್ತಿಯೂ ಇರಲಿಲ್ಲ. ಸಿಮ್‌ಡೇಗಾ, ಖೂಂಟಿಯ ಆದಿವಾಸಿ ಹಳ್ಳಿಗಳಿಂದ, ಹರಿಯಾಣದ ಶಾಹಾಬಾದ್, ಸೋನಿಪತ್‌ಗಳಿಂದ ಹುಡುಗಿಯರು ಬರುತ್ತಾರೆ. ಕ್ರೀಡೆಯಲ್ಲಿ ಮರ್ಯಾದೆಯಿಂದ ಬದುಕಬಹುದು ಎಂಬ ನಂಬಿಕೆ ಇಲ್ಲದೆ ನಮ್ಮ ಯಾವ ಮನೆಯವರು ಮಗಳನ್ನು ಹಾಕಿಗೆ ಕಳಿಸುತ್ತಾರೆ?

ಶೋಪ್‌ಮನ್ ಹೋದ ಮೇಲೂ ಕಥೆ ಮುಂದುವರಿದಿದೆ. 2024ರ ನವೆಂಬರ್‌ನಲ್ಲಿ ರಾಜಗೀರ್‌ನಲ್ಲಿ ಚೀನಾವನ್ನು ಸೋಲಿಸಿ ಏಷ್ಯನ್ ಚಾಂಪಿಯನ್ಸ್ ಟ್ರೋಫಿ ಉಳಿಸಿಕೊಂಡೆವು. 2025ರಲ್ಲಿ ಪ್ರೊ ಲೀಗ್‌ನ ಕೊನೆಯ ಸ್ಥಾನಕ್ಕೆ ಕುಸಿದು ಕೆಳ ಹಂತಕ್ಕೆ ಜಾರಿದೆವು. ಈ ಸೋಲನ್ನು ಹಿಡಿದು, ನೋಡಿ ಅವರು ಹೇಳಿದ್ದೇ ನಿಜವಾಯಿತು ಎನ್ನುವವರ ಜೊತೆ ನಾನು ಸೇರುವುದಿಲ್ಲ. ರಾಂಚಿಯ ಸೋಲು ಅವರ ಮಾತನ್ನು ಸುಳ್ಳು ಮಾಡದಿದ್ದ ಹಾಗೆ, ಪ್ರೊ ಲೀಗ್‌ನ ಸೋಲು ಅದನ್ನು ನಿಜವೂ ಮಾಡುವುದಿಲ್ಲ. ಅದನ್ನು ತೀರ್ಮಾನಿಸಲು ಬೇಕಿರುವುದು ದಾಖಲೆ.

ಆ ದಾಖಲೆ ಹಾಕಿ ಇಂಡಿಯಾದ ಕೈಯಲ್ಲೇ ಇದೆ. ಎರಡೂ ತಂಡಗಳನ್ನು ಸಮಾನವಾಗಿ ನೋಡುತ್ತೇವೆ ಎಂದು ಹೇಳಿದ್ದಾರೆ. ಹಾಗಿದ್ದರೆ ಲೆಕ್ಕ ಕೊಡಲಿ. ಇಬ್ಬರು ಮುಖ್ಯ ಕೋಚ್‌ಗಳ ಸಂಭಾವನೆ, ಸಹಾಯಕ ಸಿಬ್ಬಂದಿಯ ಸಂಖ್ಯೆ, ವರ್ಷಕ್ಕೆ ಆಡಿದ ಅಭ್ಯಾಸ ಪಂದ್ಯಗಳು, ವಿದೇಶ ಪ್ರವಾಸದ ದಿನಗಳು, ಇವನ್ನೆಲ್ಲ ಎದುರುಬದುರು ಇಟ್ಟು ಪ್ರತಿವರ್ಷ ಪ್ರಕಟಿಸಲಿ. ಆಟಗಾರ್ತಿಯಾಗಲಿ ಕೋಚ್ ಆಗಲಿ ದೂರು ಕೊಟ್ಟರೆ ಅದನ್ನು ಕೇಳುವವರು ಅದೇ ಸಂಸ್ಥೆಯ ಪದಾಧಿಕಾರಿಗಳಾಗಿರಬಾರದು. ಕ್ರೀಡಾ ಸಚಿವಾಲಯ ಹೊರಗಿನವರನ್ನು ನೇಮಿಸಿ, ದೂರಿಗೆ ಇಂತಿಷ್ಟು ದಿನದೊಳಗೆ ಲಿಖಿತ ಉತ್ತರ ಕೊಡುವ ನಿಯಮ ಮಾಡಲಿ. ದೂರು ಸುಳ್ಳೆಂದು ಕಂಡರೆ ಹಾಗೆಂದೇ ಬರೆಯಲಿ, ಕಾರಣ ಸಹಿತ. ತಂಡ ಆ ವಾರ ಎಷ್ಟು ಗೋಲು ಹೊಡೆದಿತ್ತು ಎಂಬುದು ಮಾತ್ರ ಆ ಕಾರಣಗಳಲ್ಲಿ ಇರಕೂಡದು.