ಘಾಟಿ ಕೆಳಗಿನ ಮೋಹಿನಿ



‘ಬಂಧನ’, ‘ಮುತ್ತಿನ ಹಾರ’ ಚಿತ್ರಗಳನ್ನು ನಿರ್ದೇಶಿಸಿದವರು ಯಾರು ಅಂತ ಕೇಳಿದರೆ, ರಾಜೇಂದ್ರಸಿಂಗ್ ಬಾಬು ಎಂದು ಥಟ್ಟನೆ ಹೇಳುತ್ತೀರಿ. ಅವರ ತಂಗಿ ವಿಜಯಲಕ್ಷ್ಮಿ ಸಿಂಗ್ ಅವರೂ ನಿಮಗೆ ಗೊತ್ತು. ಇವರಿಬ್ಬರ ತಾಯಿ ಯಾರು ಎಂದರೆ ಮಾತ್ರ ನಮ್ಮಲ್ಲಿ ಬಹಳ ಜನ ಮುಖ ಮುಖ ನೋಡಿಕೊಳ್ಳುತ್ತೇವೆ.

ಸಕಲೇಶಪುರದಿಂದ ಶಿರಾಡಿ ಘಾಟಿ ಇಳಿದು, ಉಪ್ಪಿನಂಗಡಿ, ಮಾಣಿ ದಾಟಿದರೆ ಕಲ್ಲಡ್ಕ. ಮಂಗಳೂರಿಗೆ ಹೋಗುವಾಗ ನಿಲ್ಲಿಸಿ ‘ಕೆ.ಟಿ.’ ಕುಡಿಯುತ್ತೇವಲ್ಲ, ಅದೇ ಊರು. ಅಲ್ಲಿ 1933ರಲ್ಲಿ ಮೋಹಿನಿ ಎಂಬ ಹುಡುಗಿ ಹುಟ್ಟಿದಳು. ಯುದ್ಧ ಮುಗಿದು ಎರಡು ವರ್ಷವಾಗಿತ್ತು. 1947ರಲ್ಲಿ ‘ಕೃಷ್ಣಲೀಲಾ’ ಚಿತ್ರದಿಂದ ತೆರೆಗೆ ಬಂದಳು. ಹೆಸರು ಪ್ರತಿಮಾದೇವಿ ಎಂದಾಯಿತು. ಸಿನಿಮಾ ಸೇರಿದ ಹುಡುಗಿ ಅಂದರೆ ನೆಂಟರಿಷ್ಟರು ಮೂಗು ಮುರಿಯುತ್ತಿದ್ದ ಕಾಲ ಅದು. ಹದಿನಾಲ್ಕರ ಹರೆಯದಲ್ಲಿ ಅಂಥ ಹೆಜ್ಜೆ ಇಡುವುದು ಸುಲಭವೇನ್ರೀ?

ಆ ಚಿತ್ರ ತೆಗೆದದ್ದು ಮಹಾತ್ಮ ಪಿಕ್ಚರ್ಸ್. ಅದರ ಪಾಲುದಾರರಲ್ಲಿ ಒಬ್ಬರಾದ ಬಿ. ವಿಠಲಾಚಾರ್ಯರು ನಮ್ಮ ಹಾಸನ ಜಿಲ್ಲೆಯ ಅರಸೀಕೆರೆಯಲ್ಲಿ ಟೂರಿಂಗ್ ಟಾಕೀಸ್ ನಡೆಸಿದವರು. ಇನ್ನೊಬ್ಬರು ಡಿ. ಶಂಕರಸಿಂಗ್, ಪ್ರತಿಮಾದೇವಿ ಮದುವೆಯಾದದ್ದು ಅವರನ್ನೇ.

‘ನಾಗಕನ್ನಿಕ’ (1949) ಆದ ಮೇಲೆ 1951ರಲ್ಲಿ ಬಂತು ಶಂಕರಸಿಂಗ್ ನಿರ್ದೇಶನದ ‘ಜಗನ್ಮೋಹಿನಿ’. ಒಂದೇ ಚಿತ್ರಮಂದಿರದಲ್ಲಿ ನೂರು ದಿನ ಓಡಿದ ಮೊದಲ ಕನ್ನಡ ಚಿತ್ರ ಎಂಬ ಹೆಸರು ಅದಕ್ಕೆ. ಕನ್ನಡದಲ್ಲಿ ವರ್ಷಕ್ಕೆ ಬೆರಳೆಣಿಕೆಯಷ್ಟು ಚಿತ್ರ ಬರುತ್ತಿದ್ದ ದಿನಗಳು. ಮಳೆ ನಿಂತ ಮೇಲೆ ಎದ್ದ ಟೆಂಟಿಗೆ ಹೆಂಗಸರು ಮಕ್ಕಳನ್ನು ಎತ್ತಿಕೊಂಡು, ಗಾಡಿ ಕಟ್ಟಿಸಿಕೊಂಡು ಹೋಗಿ ನೆಲದ ಮೇಲೆ ಕೂತು ನೋಡುತ್ತಿದ್ದರು. ಕನ್ನಡ ಚಿತ್ರವೂ ದುಡ್ಡು ತರುತ್ತೆ ಎಂಬ ಧೈರ್ಯ ಬಂದದ್ದೇ ಇಂಥ ಚಿತ್ರಗಳಿಂದ. ಮುಂದೆ 1962ರ ‘ಧರ್ಮಸ್ಥಳ ಮಹಾತ್ಮೆ’ಯಲ್ಲೂ ಅವರು ಇದ್ದರು. ಒಟ್ಟು ಅರವತ್ತಕ್ಕೂ ಹೆಚ್ಚು ಚಿತ್ರಗಳು. ಜೊತೆಗೆ ಸಂಸಾರ, ಮಕ್ಕಳು.

2021ರ ಏಪ್ರಿಲ್ 6ರಂದು ಅವರು ತೀರಿಕೊಂಡರು. ಇಷ್ಟು ದುಡಿದವರೂ ಕೊನೆಗೆ ನಮ್ಮ ಬಾಯಲ್ಲಿ ‘ಬಾಬು ಅವರ ತಾಯಿ’ ಆಗಿಬಿಟ್ಟರು. ಮಕ್ಕಳ ಹೆಸರಿನಿಂದ ಕರೆಸಿಕೊಳ್ಳುವುದು ಯಾವ ತಾಯಿಗೂ ಸಂತೋಷವೇ, ಇಲ್ಲವೆನ್ನುವುದಿಲ್ಲ. ಆದರೆ ಅದಕ್ಕೆ ಮುಂಚೆ ಆಕೆಗೆ ಆಕೆಯದೇ ಒಂದು ಹೆಸರಿತ್ತು, ಕೆಲಸವಿತ್ತು ಎನ್ನುವುದನ್ನು ಮರೆಯಬಹುದೇ? ಇದು ಸಿನಿಮಾದವರ ಮಾತಷ್ಟೇ ಅಲ್ಲ. ಏಲಕ್ಕಿ ಬಿಡಿಸಿ, ಕಾಫಿ ಒಣಗಿಸಿ, ತೋಟದ ಲೆಕ್ಕ ನೋಡಿದ ನಮ್ಮ ಅಜ್ಜಿಯರನ್ನೂ ನಾವು ‘ದೊಡ್ಡಮನೆ ಅಜ್ಜಿ’ ಅಂತಲೇ ಕರೆದು ಮುಗಿಸಿದ್ದೇವೆ.

ಈ ಹದಿನೈದು ದಿನದಲ್ಲಿ ಒಂದು ಕೆಲಸ ಮಾಡಿ. ಮನೆಯ ಹಿರಿಯ ಹೆಂಗಸರನ್ನು ಕೂರಿಸಿಕೊಂಡು, ಅವರ ತವರಿನ ಹೆಸರು, ಕಲಿತ ವಿದ್ಯೆ, ಟೆಂಟಿನಲ್ಲಿ ನೋಡಿದ ಮೊದಲ ಸಿನಿಮಾ, ಎಲ್ಲಾ ಕೇಳಿ. ಅಡಿಗೆ ಬರೆದುಕೊಳ್ಳುವ ಪುಸ್ತಕದ ಕೊನೆಯ ಹಾಳೆಗಳು ಖಾಲಿ ಇರುತ್ತವಲ್ಲ, ಅಲ್ಲೇ ಬರೆದಿಡಿ.