ಬಂಕೇಯ ಯಾವ ಕೊಣ್ಣೂರಿನವ?

ಮೊನ್ನೆ ಹುಕ್ಕೇರಿಯಲ್ಲಿ ಮದುವೆ ಊಟಕ್ಕೆ ಕೂತಾಗ ಮಾವ ಬೀಗರಿಗೆ ನನ್ನ ತೋರಿಸಿ, "ನಮ್ಮ ಮುತ್ಯಾ ಬಂಕೇಯನ ಊರಿನವ್ರು ರೀ, ಈ ಹುಡುಗಾನ ಹುಡುಕಿ ತಗದಾನ" ಅಂದರು. ತುತ್ತು ಗಂಟಲಲ್ಲೇ ನಿಂತಿತು. ಅದು ತಪ್ಪು ಅಂತ ನನಗೆ ಗೊತ್ತಾಗಿ ಆಗಲೇ ಎರಡು ದಿನ ಆಗಿತ್ತು.

ಮುತ್ಯಾ ಹುಟ್ಟಿದ್ದು ಗೋಕಾಕ ಫಾಲ್ಸ್ ಪಕ್ಕದ ಕೊಣ್ಣೂರಲ್ಲಿ, ಈಗ ಇರೋದು ಮೂಡಲಗಿಯಲ್ಲಿ. ಕಳೆದ ವರ್ಷ ನಾನು ಮೊಬೈಲಿನಲ್ಲಿ "ಕೊಣ್ಣೂರು ಶಾಸನ" ಅಂತ ಓದಿ, ರಾಷ್ಟ್ರಕೂಟರ ದೊಡ್ಡ ದಂಡನಾಯಕ ನಿಮ್ಮೂರಿನವನೇ ಅಂದುಬಿಟ್ಟಿದ್ದೆ. ಮುತ್ಯಾ ಅದನ್ನ ಮೂಡಲಗಿ ಸಂತೆ ತುಂಬ ಹೇಳಿಕೊಂಡು ಬಂದರು.

ಆದರೆ ಆ ಶಾಸನ ಇರೋದು ಗದಗ ಜಿಲ್ಲೆ ನರಗುಂದ ತಾಲೂಕಿನ ಕೊಣ್ಣೂರಲ್ಲಿ. ಅದು ಮಲಪ್ರಭೆಯ ದಂಡೆ, ನಮ್ಮದು ಘಟಪ್ರಭೆ. ಹೆಸರು ಒಂದೇ ಇದ್ದರೆ ಬೇರೆ ಫೈಲು ತೆರೆದುಕೊಳ್ಳೋದು ನಮ್ಮ ಕೆಲಸದಲ್ಲಿ ದಿನಾ ಇದ್ದದ್ದೇ. ಆದರೂ ನೋಡಲಿಲ್ಲ.

ಬಂಕೇಯನ ಕಥೆ ಮಾತ್ರ ಯಾವ ಊರಿನದಾದರೂ ಕೇಳುವಂಥದ್ದು. ಆಗ ಆ ಊರಿನ ಹೆಸರು ಕೊಳನೂರು. ಅಲ್ಲಿನ ಒಡೆಯರ ಮನೆತನದ ಹುಡುಗ ಅಮೋಘವರ್ಷ ನೃಪತುಂಗನ ನೆಚ್ಚಿನವನಾಗಿ ಬನವಾಸಿ ನಾಡಿನ ಆಡಳಿತ ಹಿಡಿದ. ಗಂಗರ ಮೇಲೆ ದಂಡು ತಗೊಂಡು ಹೋದಾಗ ಜೊತೆಗಿದ್ದ ಸಾಮಂತರು ಹೊಟ್ಟೆಕಿಚ್ಚಿನಿಂದ ಕೈಕೊಟ್ಟರು. ಹಾಗಿದ್ದೂ ಕೇದಳ ಕೋಟೆ ಹಿಡಿದ. ಅದು ಈಗಿನ ತುಮಕೂರು ಕಡೆಯ ಕಡಬ ಅಂತ ವಿದ್ವಾಂಸರು ಗುರುತಿಸಿದ್ದಾರೆ. ಮುಂದೆ ಕಾವೇರಿಯನ್ನೂ ದಾಟಿದ.

ಗೆಲುವು ಇನ್ನೇನು ಪೂರಾ ಆಗಬೇಕು, ಅಷ್ಟರಲ್ಲಿ ರಾಜನಿಂದ ಕರೆ ಬಂತು. ಮನೆಯೊಳಗೇ ದಂಗೆ. ರಾಜನ ಮಗ ಕೃಷ್ಣನೇ ಅದರಲ್ಲಿ ಸೇರಿದ್ದ ಅಂತ ಇತಿಹಾಸಕಾರರು ಹೇಳ್ತಾರೆ. ಬಂಕೇಯ ಅರ್ಧಕ್ಕೇ ಬಿಟ್ಟು ತಿರುಗಿದ. ಮೂರು ತಿಂಗಳೊಳಗೆ ವೈರಿಗಳನ್ನ ಗೆದ್ದು ಒಡೆಯನಿಗೆ ಹಾಲು ಕುಡಿಸದಿದ್ದರೆ ಬೆಂಕಿಗೆ ಬೀಳ್ತೀನಿ ಅಂತ ಪ್ರತಿಜ್ಞೆ ಮಾಡಿದನಂತೆ. ಮಾತು ಉಳಿಸಿಕೊಂಡ. ನನಗೆ ಕಾವೇರಿ ದಾಟಿದ್ದಕ್ಕಿಂತ ಈ ವಾಪಸ್ ಬಂದದ್ದೇ ದೊಡ್ಡದು ಅನ್ನಿಸುತ್ತೆ. ಕಣ್ಣಮುಂದಿನ ಗೆಲುವು ಬಿಟ್ಟು ಬರೋದು ಸುಲಭ ಅಲ್ಲ.

860ರ ಅಕ್ಟೋಬರ್, ಚಂದ್ರಗ್ರಹಣದ ದಿನ ರಾಜ ದಾನ ಕೊಟ್ಟ. ಬಂಕೇಯ ಕೇಳಿಕೊಂಡದ್ದು ಕೊಳನೂರಲ್ಲಿ ತಾನು ಕಟ್ಟಿಸಿದ ಬಸದಿಗೆ ತಲೆಯೂರು ಎಂಬ ಹಳ್ಳಿ. ಈಗಿರುವ ಕಲ್ಲು 12ನೇ ಶತಮಾನದಲ್ಲಿ ಹಳೆಯ ತಾಮ್ರಪಟ ನೋಡಿ ಕೆತ್ತಿಸಿದ್ದು. ಶಿಗ್ಗಾಂವಿ ಹತ್ತಿರದ ಬಂಕಾಪುರಕ್ಕೂ ಅವನದೇ ಹೆಸರು. ಅವನ ಮಗ ಲೋಕಾದಿತ್ಯ ಅಲ್ಲಿಂದಲೇ ನಾಡು ಆಳುತ್ತಿದ್ದ. ಈಗ ಆ ಕೋಟೆಯಲ್ಲಿ ನವಿಲುಧಾಮ.

ಹುಕ್ಕೇರಿಯಿಂದ ನೇರ ಮೂಡಲಗಿಗೆ ಹೋದೆ. ಮುತ್ಯಾ ಕಟ್ಟೆ ಮೇಲೆ ಕೂತಿದ್ದರು. ಎಲ್ಲ ಹೇಳಿದೆ. ಸ್ವಲ್ಪ ಹೊತ್ತು ಮಾತೇ ಇಲ್ಲ.

"ಹಂಗಾರ ನಾ ಮಂದಿಗೆ ಸುಳ್ಳ ಹೇಳೀನಿ ಅಂದಂಗಾತು."

"ಸುಳ್ಳ ನಂದು ಮುತ್ಯಾ, ನಿಂದಲ್ಲ."

"ನಮ್ಮ ಕೊಣ್ಣೂರಾಗ ಏನೂ ಇಲ್ಲೇನು?"

ಇದೆ. ಸವದತ್ತಿ ರಟ್ಟರ ಕಾಲದ ಜೈನ ಶಾಸನಗಳಿವೆ. ಅದಕ್ಕೂ ಎಷ್ಟೋ ಹಿಂದಿನ ಕಲ್ಲುಚಪ್ಪಡಿ ಸಮಾಧಿಗಳಿವೆ, ಬಂಕೇಯನಿಗೇ ಅವು ಹಳೆಯವು ಅನ್ನಿಸಿರಬೇಕು. ಹೇಳಿದೆ. ಮುತ್ಯಾ ತಲೆ ಎತ್ತಿದರು.

"ಆ ಕಲ್ಲಿನ್ಯಾಗ ನಾವು ದನಾ ಕಾಯ್ತಿದ್ವಿ. ಮಳಿ ಬಂದ್ರ ಒಳಗ ಕುಂಡ್ರತಿದ್ವಿ."

ಸಂತೆಯಲ್ಲಿ ಹೇಳಿದ್ದನ್ನ ತಾವೇ ತಿದ್ದುತಾರಂತೆ. ಮಾವನಿಗೆ ಮತ್ತೆ ಬೀಗರಿಗೆ ನಾನೇ ಹೇಳಬೇಕಂತೆ. ಬರೋ ಅಮಾವಾಸ್ಯೆಗೆ ನರಗುಂದದ ಕೊಣ್ಣೂರಿಗೆ ಕರ್ಕೊಂಡು ಹೋಗು ಅಂದಿದ್ದಾರೆ, ಕಾರು ನಂದು, ಬುತ್ತಿ ಅವರದು.