ಪರಾಕ್ರಮವೆಂಬ ಶಬ್ದ ಮತ್ತು ಕೊಪಣದ ಕಲ್ಲುಗಳು

ಕುಷ್ಟಗಿ ತಾಲ್ಲೂಕಿನ ಹನುಮಸಾಗರವು ತನ್ನ ಹೆಸರಿನಲ್ಲಿಯೇ ಒಬ್ಬ ವೀರನನ್ನು ಇರಿಸಿಕೊಂಡಿರುವ ಊರು. ಆ ಸೀಮೆಯಲ್ಲಿ ಹನುಮಪ್ಪನ ಗುಡಿಯಿಲ್ಲದ ಹಳ್ಳಿ ವಿರಳ. ಗಂಗಾವತಿ ತಾಲ್ಲೂಕಿನ ಅಂಜನಾದ್ರಿಯನ್ನು ಜನ ಆತನ ಜನ್ಮಸ್ಥಳವೆಂದೇ ನಂಬುತ್ತಾರೆ. ಸಮುದ್ರ ದಾಟಿದ, ಲಂಕೆ ಸುಟ್ಟ ಬಲವೇ ಆ ನಂಬಿಕೆಯ ಮುನ್ನೆಲೆಯಲ್ಲಿದೆ. ಆದರೆ ವಿಮಲಸೂರಿ, ರವಿಷೇಣರ ಪರಂಪರೆಯ ಜೈನ ರಾಮಕಥೆಯಲ್ಲಿ ಹನುಮಂತನ ಕಥೆ ಲಂಕೆಯಲ್ಲಿ ಮುಗಿಯುವುದಿಲ್ಲ. ಅಲ್ಲಿ ಆತ ಕಪಿಯಲ್ಲ, ವಿದ್ಯಾಧರ ಕುಲದ ರಾಜ. ಯುದ್ಧಗಳೆಲ್ಲ ಮುಗಿದ ಮೇಲೆ ರಾಜ್ಯವನ್ನು ಬಿಟ್ಟು ದೀಕ್ಷೆ ಪಡೆದು ಮುಕ್ತನಾಗುತ್ತಾನೆ. ಗೆದ್ದ ವೀರ ದೊಡ್ಡವನೋ, ಗೆದ್ದದ್ದನ್ನು ಬಿಟ್ಟ ವೀರ ದೊಡ್ಡವನೋ ಎಂಬ ಪ್ರಶ್ನೆಯನ್ನು ಈ ಎರಡು ಹನುಮರು ಎದುರಿಗಿಡುತ್ತಾರೆ. ಪ್ರಶ್ನೆ ಅಷ್ಟು ಸರಳವಾಗಿಲ್ಲ ಎಂಬುದಕ್ಕೆ ಅದೇ ಸೀಮೆಯ ಕೊಪ್ಪಳದ ಬಂಡೆಗಳು ಸಾಕ್ಷಿ.

ಕನ್ನಡ ನಾಡಿನಲ್ಲಿ ವೀರತ್ವವನ್ನು ಅಳೆಯುವ ರೂಢಿಯ ಮಾನದಂಡ ವೀರಗಲ್ಲು. ಕೆಳಗಿನ ಪಟ್ಟಿಕೆಯಲ್ಲಿ ಕಾದಾಟ, ನಡುವೆ ಸತ್ತವನನ್ನು ಒಯ್ಯುವ ಅಪ್ಸರೆಯರು, ಮೇಲೆ ದೇವಸನ್ನಿಧಿ. ತುರುಗಳನ್ನು ಬಿಡಿಸಲು ಹೋಗಿ ಮಡಿದವನಿಗೆ ಊರು ಸಲ್ಲಿಸಿದ ಋಣ ಅದು, ಗೌರವಕ್ಕೆ ತಕ್ಕದ್ದೇ. ಆದರೆ ಈ ಕಲ್ಲಿಗೆ ಒಂದು ಮಿತಿಯಿದೆ. ಒಂದು ಗಳಿಗೆಯಲ್ಲಿ ಮುಗಿದುಹೋಗುವ ಧೈರ್ಯವನ್ನು ಮಾತ್ರ ಅದು ಕಂಡರಿಸಬಲ್ಲದು. ಇಪ್ಪತ್ತು ವರ್ಷ, ಮೂವತ್ತು ವರ್ಷ ದಿನವೂ ಹೊಸದಾಗಿ ತಂದುಕೊಳ್ಳಬೇಕಾದ ಧೈರ್ಯವನ್ನು ಮೂರು ಪಟ್ಟಿಕೆಗಳಲ್ಲಿ ತೋರಿಸುವುದು ಹೇಗೆ?

ವೀರಗಲ್ಲುಗಳಿಗಿಂತ ಎಷ್ಟೋ ಶತಮಾನ ಹಳೆಯದಾದ ಕಲ್ಬರಹ ಕೊಪ್ಪಳದ ಗವಿಮಠದ ಬೆಟ್ಟದಲ್ಲಿದೆ. 1931ರಲ್ಲಿ ಅಲ್ಲಿಯೂ ಪಾಲ್ಕಿಗುಂಡಿನಲ್ಲಿಯೂ ಅಶೋಕನ ಕಿರುಶಾಸನಗಳು ಬೆಳಕಿಗೆ ಬಂದವು. ಪಠ್ಯಪುಸ್ತಕಗಳು ಅಶೋಕನೆಂದೊಡನೆ ಕಳಿಂಗವನ್ನು ನೆನೆಯುತ್ತವೆ. ಕೊಪ್ಪಳದ ಬಂಡೆಯಲ್ಲಿ ಕಳಿಂಗದ ಮಾತೇ ಇಲ್ಲ. ಅಲ್ಲಿರುವುದು ಒಂದು ಒಪ್ಪಿಗೆ. ತಾನು ಉಪಾಸಕನಾಗಿ ಎರಡೂವರೆ ವರ್ಷಕ್ಕೂ ಮಿಗಿಲಾಯಿತು, ಆದರೆ ಅದರಲ್ಲಿ ಒಂದು ವರ್ಷ ಸರಿಯಾಗಿ ಪ್ರಯತ್ನಪಡಲಿಲ್ಲ, ಸಂಘವನ್ನು ಸೇರಿದ ಮೇಲಷ್ಟೇ ಶ್ರಮಿಸಿದೆ ಎಂದು ಚಕ್ರವರ್ತಿ ಹೇಳಿಕೊಳ್ಳುತ್ತಾನೆ. ಈ ಫಲ ದೊಡ್ಡವರಿಗಷ್ಟೇ ಮೀಸಲಲ್ಲ, ಸಣ್ಣವನೂ ಶ್ರಮಿಸಿದರೆ ಸ್ವರ್ಗವನ್ನು ಪಡೆಯಬಲ್ಲ, ಆದ್ದರಿಂದ ಸಣ್ಣವರೂ ದೊಡ್ಡವರೂ ಶ್ರಮಿಸಲಿ ಎಂಬುದು ಮುಂದಿನ ಮಾತು.

ಇಲ್ಲಿ 'ಶ್ರಮಿಸು' ಎಂದು ಬಿಡಿಸಿ ಹೇಳಿದ ಪ್ರಾಕೃತ ಕ್ರಿಯಾಪದ 'ಕ್ರಮ್' ಧಾತುವಿನಿಂದ ಬಂದದ್ದು. ಪರಾಕ್ರಮ ಶಬ್ದದ ಮೂಲವೂ ಅದೇ ಧಾತು. ಶತ್ರುವಿಲ್ಲದ, ಆಯುಧವಿಲ್ಲದ, ರಣರಂಗವಿಲ್ಲದ ಪರಾಕ್ರಮವೊಂದು ಈ ಬಂಡೆಯ ಮೇಲಿದೆ, ಮತ್ತು ಅದು ಸಣ್ಣವನಿಗೂ ಸಾಧ್ಯವೆಂಬ ಘೋಷಣೆಯಿದೆ. ಅದಕ್ಕಿಂತ ಅಚ್ಚರಿಯ ಸಂಗತಿ, ತನ್ನ ಒಂದು ವರ್ಷದ ಸಡಿಲತನವನ್ನು ಕಲ್ಲಿನ ಮೇಲೆ ಬರೆಸಿದ ಅರಸನ ಎದೆಗಾರಿಕೆ. ಅರಸರ ಶಾಸನಗಳು ಬಿರುದುಗಳ ಸಾಲಿನಿಂದ ತುಂಬಿರುತ್ತವೆ. ತಪ್ಪನ್ನು ಬರೆಸಿದ ಅರಸರನ್ನು ಎಣಿಸಲು ಒಂದು ಕೈಯ ಬೆರಳುಗಳೇ ಹೆಚ್ಚು.

ಅದೇ ಕೊಪ್ಪಳ ಮುಂದೆ ಕೊಪಣವೆಂಬ ಜೈನ ತೀರ್ಥವಾಯಿತು. ಕವಿರಾಜಮಾರ್ಗವು ತಿರುಳ್ಗನ್ನಡದ ಸೀಮೆಯನ್ನು ಹೇಳುವಾಗ ಹೆಸರಿಸುವ ನಾಲ್ಕು ಊರುಗಳಲ್ಲಿ ಇದೂ ಒಂದು. ಇಲ್ಲಿನ ನಿಷಿಧಿ ಶಾಸನಗಳಲ್ಲಿ ಕ್ರಿ.ಶ. 881ರದೊಂದು ಗಮನಾರ್ಹವಾಗಿದೆ. ಕುಂದಕುಂದಾನ್ವಯದ ಏಕಚಟ್ಟುಗದ ಭಟಾರರ ಶಿಷ್ಯರಾದ ಸರ್ವನಂದಿ ಭಟಾರರು ಇಲ್ಲಿ ನೆಲೆಸಿ, ಊರಿಗೂ ತೀರ್ಥಕ್ಕೂ ಉಪಕಾರಿಯಾಗಿ ಬಹುಕಾಲ ತಪಸ್ಸು ಮಾಡಿ, ಸಂನ್ಯಸನದಿಂದ ದೇಹ ಬಿಟ್ಟರೆಂದು ಅದು ತಿಳಿಸುತ್ತದೆ. ಸಂಶೋಧಕರು ಈ ಬಗೆಯ ಶಾಸನಗಳಲ್ಲಿ ಸಾಮಾನ್ಯವಾಗಿ ಗುರುಪರಂಪರೆಯನ್ನೂ ಮರಣದ ವಿಧಾನವನ್ನೂ ಹುಡುಕುತ್ತಾರೆ. ಆದರೆ ಶಾಸನ ಬರೆದವನು ಮರಣಕ್ಕೆ ಮೊದಲು ಎರಡು ವಿವರಗಳನ್ನು ಇಟ್ಟಿದ್ದಾನೆ: ಊರಿಗೆ ಉಪಕಾರ, ಬಹುಕಾಲ. ಆ ಸಾವಿಗೆ ಬೆಲೆ ಬಂದದ್ದು ಅದಕ್ಕೂ ಹಿಂದಿನ ಬದುಕಿನಿಂದ.

ಈ ಮಾತಿಗೆ ಹೆಚ್ಚು ಕಠಿನವಾದ ಪರೀಕ್ಷೆ ಅತ್ತಿಮಬ್ಬೆಯ ಬದುಕಿನಲ್ಲಿದೆ. ರನ್ನನು 993ರ ಅಜಿತಪುರಾಣದಲ್ಲಿ ಅವಳ ಚರಿತೆಯ ಪಾವಿತ್ರ್ಯಕ್ಕೆ ಕೊಡುವ ಹೋಲಿಕೆಗಳಲ್ಲಿ ಕೊಪಣಾಚಲವೂ ಒಂದು. ಮಲ್ಲಪನ ಮಕ್ಕಳಾದ ಅತ್ತಿಮಬ್ಬೆ ಮತ್ತು ಗುಂಡಮಬ್ಬೆ ಇಬ್ಬರೂ ಚಾಲುಕ್ಯ ತೈಲಪನ ಮಂತ್ರಿ ದಲ್ಲಪನ ಮಗ ನಾಗದೇವನ ಪತ್ನಿಯರು. ನಾಗದೇವ ಯುದ್ಧದಲ್ಲಿ ಮಡಿದ. ಗುಂಡಮಬ್ಬೆ ಸಹಗಮನ ಮಾಡಿದಳು. ಅತ್ತಿಮಬ್ಬೆ ಮಗ ಅಣ್ಣಿಗದೇವನೊಂದಿಗೆ ಉಳಿದಳು.

ಆ ಕಾಲದ ಅಳತೆಗೋಲಿನಲ್ಲಿ ನೋಡಿದರೆ ವೀರಳು ಯಾರೆಂಬುದರಲ್ಲಿ ಯಾರಿಗೂ ಅನುಮಾನವಿರಲಿಕ್ಕಿಲ್ಲ. ಸಹಗಮನಕ್ಕೆ ಕಲ್ಲು ನಿಲ್ಲಿಸುವ, ಪೂಜೆ ಸಲ್ಲಿಸುವ ಸಮಾಜ ಅದು. ಗುಂಡಮಬ್ಬೆಯ ನಿರ್ಧಾರವನ್ನು ಸಾವಿರ ವರ್ಷಗಳ ಈಚೆ ಕುಳಿತು ತೂಗುವುದು ಸುಲಭ, ಆ ಸುಲಭತೆಯೇ ಸಂಶಯಾಸ್ಪದ. ಅವಳ ಮುಂದೆ ನಿಜಕ್ಕೂ ಎಷ್ಟು ದಾರಿಗಳಿದ್ದವು ಎಂಬುದನ್ನು ಯಾವ ಪುರಾಣವೂ ಹೇಳುವುದಿಲ್ಲ. ಆದರೆ ಒಂದೇ ಮನೆಯ, ಒಂದೇ ಗಂಡನ ಇಬ್ಬರು ಅಕ್ಕತಂಗಿಯರಲ್ಲಿ ಒಬ್ಬಳು ಚಿತೆಯೇರಿದ ಮೇಲೆ ಮತ್ತೊಬ್ಬಳು ಬದುಕಿರುವುದೆಂದರೆ, ಅವಳ ಪ್ರತಿಯೊಂದು ದಿನವೂ ಹೋಲಿಕೆಯ ದಿನ. ಆ ಹೋಲಿಕೆಯನ್ನು ಹೊತ್ತುಕೊಂಡೇ ಅತ್ತಿಮಬ್ಬೆ ವ್ರತನಿಷ್ಠಳಾಗಿ ಬದುಕಿದಳು, ಮಗನನ್ನು ಬೆಳೆಸಿದಳು, ರನ್ನನಿಗೆ ಆಶ್ರಯ ಕೊಟ್ಟಳು, ಲಕ್ಕುಂಡಿಯಲ್ಲಿ ಬಸದಿ ಕಟ್ಟಿಸಿದಳು. 1007ರ ಲಕ್ಕುಂಡಿ ಶಾಸನ ಅವಳ ಮಹಿಮೆಗಳನ್ನು ವರ್ಣಿಸುತ್ತದೆ. ಮಹಿಮೆಗಳನ್ನು ಬದಿಗಿರಿಸಿದರೂ ಉಳಿಯುವ ಮೊತ್ತ ಕಡಿಮೆಯಲ್ಲ.

ಅದರಲ್ಲಿ ಶಾಂತಿಪುರಾಣದ ಸಾವಿರ ಪ್ರತಿಗಳ ಸಂಗತಿಯನ್ನು ವಿದ್ಯಾರ್ಥಿಗಳೆಲ್ಲ ಪರೀಕ್ಷೆಗಾಗಿ ಬಾಯಿಪಾಠ ಮಾಡಿರುತ್ತಾರೆ. ಸಾವಿರವೆಂಬ ಸಂಖ್ಯೆಯ ಅರ್ಥ ಮಾತ್ರ ಅಲ್ಲಿ ಮರೆಯಾಗುತ್ತದೆ. ಓಲೆಗರಿಯನ್ನು ಹದಗೊಳಿಸಿ, ಕಂಠದಿಂದ ಅಕ್ಷರಗಳನ್ನು ಕೊರೆದು, ಮಸಿ ತೀಡಿ, ದಾರ ಪೋಣಿಸಿ ಒಂದು ಕಟ್ಟು ಸಿದ್ಧವಾಗಬೇಕು. ಹೀಗೆ ಸಾವಿರ ಸಲ. ಶಾಂತಿಪುರಾಣವನ್ನು ಪೊನ್ನನಿಂದ ಬರೆಸಿದವರು ಅವಳ ತಂದೆ ಮಲ್ಲಪ ಮತ್ತು ಅವನ ಸೋದರ ಪುನ್ನಮಯ್ಯ. ಪೊನ್ನನನ್ನು ಮನ್ನಿಸಿದ ರಾಷ್ಟ್ರಕೂಟ ಸಿಂಹಾಸನ 973ರಲ್ಲಿ ಚಾಲುಕ್ಯ ತೈಲಪನ ಕೈಯಲ್ಲಿಯೇ ಮುಗಿದುಹೋಗಿತ್ತು. ಗೆದ್ದ ಮನೆತನದ ಆಶ್ರಯದಲ್ಲಿ ಕುಳಿತು, ಅಳಿದ ಆಳ್ವಿಕೆಯ ಕವಿಯ ಕಾವ್ಯವನ್ನು ಮನೆಮನೆಗೆ ತಲುಪಿಸಿದ ಕೆಲಸವನ್ನು ಕೇವಲ ದಾನವೆಂದು ಕರೆದರೆ ಅದರ ಅರ್ಧ ತೂಕ ಇಳಿದುಹೋಗುತ್ತದೆ.

ಸಾಹಿತ್ಯ ಚರಿತ್ರೆಗಳು ಮಾಡಿರುವುದು ಅದನ್ನೇ. 'ದಾನಚಿಂತಾಮಣಿ' ಎಂಬ ಬಿರುದು ಅತ್ತಿಮಬ್ಬೆಯನ್ನು ಔದಾರ್ಯದ ಪೆಟ್ಟಿಗೆಯಲ್ಲಿ ಇಟ್ಟು ಮುಚ್ಚಿದೆ. ವೀರರಸಕ್ಕೆ ಉದಾಹರಣೆ ಕೇಳಿದರೆ ತರಗತಿಯಲ್ಲಿ ಬರುವುದು ರನ್ನನದೇ ಗದಾಯುದ್ಧ. ಅಲಂಕಾರಶಾಸ್ತ್ರ ಇದಕ್ಕಿಂತ ಉದಾರವಾಗಿತ್ತು. ಯುದ್ಧವೀರನ ಜೊತೆಗೇ ದಾನವೀರ, ಧರ್ಮವೀರ, ದಯಾವೀರರನ್ನೂ ಅದು ಒಪ್ಪಿತ್ತು. ವೀರರಸದ ಸ್ಥಾಯಿಭಾವ ಕೋಪವಲ್ಲ, ಉತ್ಸಾಹ. ಕೋಪ ರೌದ್ರಕ್ಕೆ ಸೇರಿದ್ದು. ಗದಾಯುದ್ಧದ ಭೀಮನಲ್ಲಿ ರೌದ್ರ ಎಷ್ಟು, ವೀರ ಎಷ್ಟು ಎಂದು ಬಿಡಿಸಿ ನೋಡುವ ಸಂಶೋಧಕನಿಗೆ, ಕೈಬಿಡದ ಉತ್ಸಾಹಕ್ಕೆ ಒಳ್ಳೆಯ ಉದಾಹರಣೆ ಅದೇ ಕವಿಯ ಅಜಿತಪುರಾಣದಲ್ಲಿ ಸಿಕ್ಕೀತು.

ಹೀಗೆಂದ ಮಾತ್ರಕ್ಕೆ ಕತ್ತಿ ಹಿಡಿದವರೆಲ್ಲ ಕೆಳಗಿನವರು, ತೊರೆದವರೆಲ್ಲ ಮೇಲಿನವರು ಎಂದು ತೀರ್ಪು ಕೊಡುವುದು ಜೈನ ಲೇಖಕರಲ್ಲಿಯೂ ಆಗಾಗ ಕಾಣುವ ಆತುರ. ಗೊಮ್ಮಟನನ್ನು ನಿಲ್ಲಿಸಿದ ಚಾವುಂಡರಾಯ ಸ್ವತಃ ದಂಡನಾಯಕ, ಅವನ ಬಿರುದುಗಳು ಯುದ್ಧಗಳಿಂದ ಬಂದವು. ಆದಿಪುರಾಣದ ಬಾಹುಬಲಿಗೂ ತೊರೆದ ಮಾತ್ರಕ್ಕೆ ಜ್ಞಾನ ಒಲಿಯಲಿಲ್ಲ, ಭರತ ಬಂದು ವಂದಿಸುವವರೆಗೆ ಮನದ ಮೂಲೆಯಲ್ಲಿ ಒಂದು ಮುಳ್ಳು ಉಳಿದೇ ಇತ್ತು. ಇನ್ನು ಕೊಪ್ಪಳದ ಕೋಟೆಯಲ್ಲಿ 1858ರಲ್ಲಿ ಮುಂಡರಗಿ ಭೀಮರಾಯ ಮತ್ತು ಹಮ್ಮಿಗಿ ಕೆಂಚನಗೌಡರು ಬ್ರಿಟಿಷರ ವಿರುದ್ಧ ಕಾದಿ ಮಡಿದುದನ್ನು ಬರಿಯ ರಣೋತ್ಸಾಹವೆನ್ನಲಾಗದು. ಸೋಲು ಎದುರಿಗೆ ಕಾಣುತ್ತಿದ್ದಾಗಲೂ ಶರಣಾಗದಿರುವುದಕ್ಕೆ ತೋಳ್ಬಲದ ಹೊರತಾದ ಏನೋ ಒಂದು ಬೇಕು. ಹೈದರಾಬಾದ್ ವಿಮೋಚನೆಯ ಕಾಲದಲ್ಲಿಯೂ ಹಾಗೆಯೇ. ಹನುಮಸಾಗರದ ಸೀಮೆ ಆಗ ನಿಜಾಮನ ಆಳ್ವಿಕೆಯಲ್ಲಿತ್ತು, ನೆರೆಯ ಗಜೇಂದ್ರಗಡ ಗಡಿಯಾಚೆ ಮುಂಬಯಿ ಪ್ರಾಂತ್ಯದಲ್ಲಿತ್ತು. ಅಲ್ಲಿನ ಶಿಬಿರವನ್ನು ಪುಂಡಲೀಕಪ್ಪ ಜ್ಞಾನಮೋಠೆ, ಮುಂಡರಗಿಯದನ್ನು ಅಳವಂಡಿ ಶಿವಮೂರ್ತಿಸ್ವಾಮಿ ನಡೆಸಿದರು. ಅವರ ಹೆಸರು ಚರಿತ್ರೆಗೆ ಸೇರಿತು, ಸೇರಬೇಕಾದದ್ದೇ. ಅಂಥ ಹೋರಾಟಗಾರರಿಗೆ ರಾತ್ರಿ ರೊಟ್ಟಿ ಕಟ್ಟಿ ಕೊಟ್ಟವರು, ಬಾಗಿಲು ತೆರೆದವರು, ಕೇಳಿದಾಗ ಬಾಯಿ ಬಿಡದವರು ಅಶೋಕನ ಶಾಸನದ 'ಸಣ್ಣವರ' ಸಾಲಿಗೆ ಸೇರಿದವರು. 1948ರ ಸೆಪ್ಟೆಂಬರ್ 17ರ ಬಳಿಕ ಬರೆದ ಪುಸ್ತಕಗಳಲ್ಲಿ ಅವರಿಗೆ ದೊರೆತ ಜಾಗ ಬಹಳ ಕಡಿಮೆ.

ಕೊಪ್ಪಳ ಜಿಲ್ಲೆಯ ಕಾಲೇಜುಗಳ ವಿದ್ಯಾರ್ಥಿಗಳು ವೀರಗಲ್ಲುಗಳ ಕ್ಷೇತ್ರಕಾರ್ಯವನ್ನು ಸಾಕಷ್ಟು ಮಾಡುತ್ತಾರೆ. ಅಳತೆ, ಪಟ್ಟಿಕೆ, ಲಿಪಿ ಎಲ್ಲವೂ ದಾಖಲಾಗುತ್ತವೆ. ಅದೇ ಶ್ರದ್ಧೆಯಿಂದ ನಿಷಿಧಿಗಳಲ್ಲಿ ಮರಣದ ವಾಕ್ಯಕ್ಕೆ ಮುಂಚೆ ಬರುವ ಮಾತುಗಳನ್ನು ಪಟ್ಟಿ ಮಾಡಿದರೆ, ಶಿಬಿರಗಳ ಕಾಲವನ್ನು ಕಂಡ ಹಿರಿಯರ ಮನೆಗಳಲ್ಲಿ ರೊಟ್ಟಿ ಕಟ್ಟಿದವರ ಹೆಸರು ಕೇಳಿ ಬರೆದುಕೊಂಡರೆ, ಪಿಎಚ್.ಡಿ.ಗೆ ಸಾಲುವಷ್ಟು ಸಾಮಗ್ರಿ ಒದಗೀತು. ನಿಷಿಧಿಗಳು ಇನ್ನೂ ಕೆಲವು ಕಾಲ ಇರುತ್ತವೆ. ಹೇಳುವ ಹಿರಿಯರು ಈಗಾಗಲೇ ತೊಂಬತ್ತರ ಆಸುಪಾಸಿನಲ್ಲಿದ್ದಾರೆ.